ಜೇನು ತರಲು ಹೋದ ಗಂಡ

ಜೋಯಿಡಾ ದಾಟಿ ಉಳವಿಗೆ ಹೋಗುವಾಗ ನಮ್ಮ ಬಸ್ಸಿನ ಎಂಜಿನ್ ಕಾದು ನಿಂತಿತು. ರಸ್ತೆ ಬದಿಯ ಚಹಾದಂಗಡಿಯಲ್ಲಿ ಕೂತೆವು. ಅಂಗಡಿ ನಡೆಸುವ ಸಿದ್ದಿ ಮುದುಕಿ ರೋಜಮ್ಮನಿಗೆ ಇಪ್ಪತ್ತೈದರ ಆಸುಪಾಸಿನವನೊಬ್ಬ ಕಟ್ಟಿಗೆ ಒಡೆದು ಕೊಡುತ್ತಿದ್ದ.

"ಮಗ ಏನ್ರಿ?" ಎಂದೆ.

"ಅಲ್ರಿ, ನನ್ನ ಗಂಡ, ಇನಾಸ," ಎಂದು ನಾಚಿದಳು. ಮದುವೆಯಾದ ವರ್ಷ ಜೇನು ತರಲು ಎದುರಿನ ಕಣಿವೆಗೆ ಇಳಿದವನು ಹೋದ ತಿಂಗಳು ಹತ್ತಿ ಬಂದನಂತೆ. ಅವನಿಗೆ ಅಲ್ಲಿ ಕಳೆದದ್ದು ಒಂದೇ ಮಧ್ಯಾಹ್ನ. ಇವಳಿಗೆ ಇಲ್ಲಿ ಮೂವತ್ತೈದು ವರ್ಷ. ಅವನ ಕೈಯಲ್ಲಿದ್ದ ಜೇನುಹುಟ್ಟಿನಿಂದ ಜೇನು ಇನ್ನೂ ತೊಟ್ಟಿಕ್ಕುತ್ತಿತ್ತಂತೆ.

ಇನಾಸ ಕೊಡಲಿ ಇಟ್ಟು ನನ್ನ ಬಳಿ ಬಂದ. "ನೀವರ ಈಕಿಗೆ ಹೇಳ್ರಿ. ಒಂದ ಮಧ್ಯಾಹ್ನ ಈಕಿ ಆ ಕಣಿವ್ಯಾಗ ಕೂತು ಬರ್ಲಿ, ನಾ ಇಲ್ಲೇ ಕಾಯ್ತೇನಿ. ಈಕಿ ಬರೂದ್ರಾಗ ನಾನೂ ಮುದುಕ ಆಗಿರ್ತೇನಿ. ಸರಿಜೋಡಿ ಆಗ್ತೇವಿ."

ರೋಜಮ್ಮ ಅವನ ತಲೆಗೂದಲಲ್ಲಿ ಸಿಕ್ಕಿದ್ದ ಕಟ್ಟಿಗೆಯ ಚೂರು ತೆಗೆದಳು.

"ಕಾಯೂದು ಹೆಂಗಿರ್ತೈತಿ ನಿನಗ ಗೊತ್ತಿಲ್ಲ. ಅದು ನಿನಗ ಬ್ಯಾಡ. ಇರೂವಷ್ಟು ದಿನ ಕೂಡೇ ಇರೂಣು."

ಅವನು ಅವಳ ಪಕ್ಕ ಕುಳಿತ. ಆಕೆ ತನ್ನ ಚಹಾವನ್ನು ಬಸಿಗೆ ಸುರಿದು ಅವನಿಗೆ ಕೊಟ್ಟಳು. ಕಪ್ಪಿನಲ್ಲಿ ಉಳಿದದ್ದನ್ನು ತಾನು ಕುಡಿದಳು.