ವೇರಾ ಬರೆದ ಕಡೆಯ ದೃಶ್ಯ

ವೇರಾ ಮೊದಲ ಚಿತ್ರಕಥೆ ಬರೆದಾಗ ಅವಳಿಗೆ ಇಪ್ಪತ್ತಾರು. ರಷ್ಯಾದ ಒಂದು ಸರ್ಕಾರಿ ಸ್ಟುಡಿಯೋದಲ್ಲಿ ಕೆಲಸ. ಕತೆ ಟ್ರಾಮ್ ಓಡಿಸುವ ಹೆಂಗಸಿನದು. ಕಡೆಗೆ ಅವಳು ನಡುದಾರಿಯಲ್ಲೇ ಟ್ರಾಮ್ ನಿಲ್ಲಿಸಿ, ಇಳಿದು, ಒಂದು ಐಸ್‌ಕ್ರೀಂ ಕೊಂಡು ನಿಧಾನಕ್ಕೆ ತಿನ್ನುತ್ತಾಳೆ. ದುಡಿಯುವ ಹೆಂಗಸು ಹೀಗೆ ತಿನ್ನುತ್ತ ನಿಲ್ಲುವುದುಂಟೇ ಎಂದು ಸಮಿತಿಯವರು ಆ ದೃಶ್ಯ ಕಿತ್ತುಹಾಕಿ, ನಾಯಕಿಯ ಕೈಗೊಂದು ಪದಕ ಕೊಟ್ಟು ಚಿತ್ರ ಮುಗಿಸಿದರು.

ಆಮೇಲೆ ಕಾಲ ಮಗುಚಿತು. ದೇಶದ ಹೆಸರೇ ಬದಲಾಯಿತು. ಕತ್ತರಿ ಹಿಡಿದವರು ಹೋದರು, ಜೊತೆಗೆ ಚಿತ್ರ ತೆಗೆಯುವವರೂ ಹೋದರು. ಸ್ಟುಡಿಯೋದ ಜಾಗದಲ್ಲಿ ಸೋಫಾ ಅಂಗಡಿ ಬಂತು. ವೇರಾ ಸಾಬೂನಿನ ಜಾಹೀರಾತು ಬರೆದಳು. ಟೀವಿ ಧಾರಾವಾಹಿಗಳಲ್ಲಿ ಸೊಸೆಯರಿಗೆ ಮರೆವು ತರಿಸಿದಳು, ಸತ್ತ ಗಂಡಂದಿರನ್ನು ಎಬ್ಬಿಸಿದಳು. ಹೊಟ್ಟೆ ತುಂಬಿತು, ಅಷ್ಟೆ.

ಮಗ ಅಂತೋನ್ ಪುಣೆಯ ಖರಾಡಿಯ ಕಂಪನಿಯೊಂದಕ್ಕೆ ಕೆಲಸಕ್ಕೆ ಬಂದು, ಅದೇ ಊರಲ್ಲಿ ಬೆಳೆದ ಕನ್ನಡದ ಹುಡುಗಿ ಸ್ನೇಹಲ್‌ಳನ್ನು ಮದುವೆಯಾದ. ಮೊಮ್ಮಗಳು ಹುಟ್ಟಿದ ಮೇಲೆ ವೇರಾ ವರ್ಷದಲ್ಲಿ ಐದಾರು ತಿಂಗಳು ಇಲ್ಲೇ, ಹೆಚ್ಚಾಗಿ ಪುಣೆಯ ಪಕ್ಕದ ನಿಗಡಿಯಲ್ಲಿ, ಬೀಗತಿ ಗೌರಾಬಾಯಿಯ ಮನೆಯಲ್ಲಿ. ಕನ್ನಡ ಕಲಿತದ್ದೂ ಅಲ್ಲೇ, ರೊಟ್ಟಿ ಬಡಿಯುವ ಸದ್ದಿನ ನಡುವೆ.

ಗೌರಾಬಾಯಿ ಮಧ್ಯಾಹ್ನದ ಧಾರಾವಾಹಿ ತಪ್ಪಿಸುವವಳಲ್ಲ. ಒಂದು ದಿನ ವೇರಾ, “ಈಗ ಈಕಿ ಬೀಳ್ತಾಳ” ಎಂದಳು. ನಾಯಕಿ ಧೊಪ್ಪನೆ ಬಿದ್ದಳು.

“ನಿಮಗ ಹೆಂಗ ಗೊತ್ತಾತ್ರೀ?”

“ಇಪ್ಪತ್ತು ವರ್ಷ ನಾನೂ ಇಂಥವರನ್ನ ಬೀಳಿಸೇನ್ರಿ.”

ಮಾತಿಗೆ ಮಾತು ಬೆಳೆದು ಟ್ರಾಮ್ ಹೆಂಗಸಿನ ಕತೆ ಹೊರಬಂತು. ಗೌರಾಬಾಯಿ ಟೀವಿ ಆರಿಸಿದಳು. “ಇಲ್ಲಿ ಟ್ರಾಮ್ ಯಾರು ನೋಡ್ಯಾರ? ಬಸ್ ಕಂಡಕ್ಟರ್ ಮಾಡ್ರಿ. ನಮ್ಮ ಕನ್ನಡ ಸಂಘದ ವಾರ್ಷಿಕೋತ್ಸವಕ್ಕ ಒಂದು ಸಣ್ಣ ಪಿಚ್ಚರ್ ಬೇಕಾಗೇದ.”

ವೇರಾ ಹೇಳಿದಳು, ಗೌರಾಬಾಯಿ ಬರೆದಳು. ಮೊಬೈಲಿನಲ್ಲಿ ಚಿತ್ರ ತೆಗೆಯಲು ಸ್ನೇಹಲ್ ಒಪ್ಪಿದಳು. ಕಂಡಕ್ಟರ್ ಪಾತ್ರ ಗೌರಾಬಾಯಿಯದೇ. ಐಸ್‌ಕ್ರೀಂ ಹೋಗಿ ಕುಲ್ಫಿ ಆಯಿತು.

ಸಂಘದ ಕಾರ್ಯದರ್ಶಿ ಪಂಢರಿನಾಥರು ಓದಿ ತಲೆ ಕೆರೆದುಕೊಂಡರು. “ಭಾಳ ಛಂದ ಅದ. ಕಡೀಕ ಮಾತ್ರ ಆಕಿ ಮನೀಗೆ ಹೋಗಿ ಎಲ್ಲಾರಿಗೂ ಊಟಕ್ಕ ನೀಡಲಿ. ಹೆಣ್ಮಗಳು ರಸ್ತೇದಾಗ ನಿಂತು ತಿನ್ನೂದು ಬರೋಬರ ಕಾಣಂಗಿಲ್ಲ.”

ವೇರಾಗೆ ಹಳೆಯ ಸಮಿತಿಯ ಉದ್ದನೆಯ ಮೇಜು ಕಣ್ಣಿಗೆ ಕಟ್ಟಿತು. ಅಂದು ಸುಮ್ಮನೆ ತಲೆಯಾಡಿಸಿ ಎದ್ದು ಬಂದಿದ್ದಳು. ಇಂದೂ ತಲೆಯಾಡಿಸಲು ಹೊರಟವಳ ಬಾಯಿಂದ ಬೇರೆಯೇ ಮಾತು ಬಂತು.

“ಇಲ್ರಿ. ಆಕಿ ತಿಂತಾಳ.”

“ಇನ್ನೊಂದು ಮಾತಾಡಿದ್ರ ಎರಡು ತಿಂತೀನಿ ನೋಡ್ರಿ,” ಎಂದಳು ಗೌರಾಬಾಯಿ.

ಏಳು ಸಲ ತೆಗೆದರು. ಏಳು ಕುಲ್ಫಿ ತಿಂದ ಗೌರಾಬಾಯಿಯ ಗಂಟಲು ಕಟ್ಟಿ, ಒಂದು ವಾರ ಮನೆಯೇ ಮೌನವಾಗಿತ್ತು. ವಾರ್ಷಿಕೋತ್ಸವದ ದಿನ ಆ ದೃಶ್ಯ ಬಂದಾಗ ಹಿಂದಿನ ಸಾಲಿನ ಹೆಂಗಸರು ಚಪ್ಪಾಳೆ ತಟ್ಟಲು ಶುರುಮಾಡಿದರು. ಅದು ಮುಂದಿನ ಸಾಲಿಗೂ ಹರಡಿತು. ಕೊನೆಗೆ ಪಂಢರಿನಾಥರು ಮೈಕ್ ಹಿಡಿದು, ಇಂಥ ಧೈರ್ಯ ನಮ್ಮ ಸಂಘಕ್ಕೆ ಹೊಸದಲ್ಲ ಎಂದರು. ವೇರಾ ತನಗೆ ಸೆರಗಿಲ್ಲದ್ದಕ್ಕೆ ಸ್ನೇಹಲ್‌ಳ ಸೆರಗಿನಲ್ಲೇ ಕಣ್ಣೊರೆಸಿಕೊಂಡು ನಕ್ಕಳು.

ಈಗ ಮಧ್ಯಾಹ್ನವಾದರೆ ಸಾಕು, ಅಕ್ಕಪಕ್ಕದ ಹೆಂಗಸರು ತಮ್ಮ ತಮ್ಮ ಕತೆ ಹೊತ್ತು ಗೌರಾಬಾಯಿಯ ಮನೆಗೆ ಬರುತ್ತಾರೆ. ಒಬ್ಬಳಿಗೆ ಅತ್ತೆಯ ಮೇಲೆ ಪಿಚ್ಚರ್ ಬೇಕು, ಇನ್ನೊಬ್ಬಳಿಗೆ ಆಕಾಶದಲ್ಲಿ ಹಾರುವ ದೃಶ್ಯವಿರಬೇಕು. ವೇರಾ ಅವರ ಮಾತನ್ನು ಒಂದಕ್ಷರ ಬಿಡದೆ ಬರೆದುಕೊಳ್ಳುತ್ತಾಳೆ. ಕನ್ನಡವನ್ನೇ, ರಷ್ಯನ್ ಲಿಪಿಯಲ್ಲಿ.