ಪಿರೆ ನೋಡಿದ ಮೇಲೆ ನೋಡುವ ಮುಖ

ಅಮಾವಾಸ್ಯೆ ಕಳೆದ ಮೂರನೇ ದಿನದ ಎಳೆ ಚಂದ್ರನನ್ನು ನಮ್ಮ ಕಡೆ ಪಿರೆ ಅನ್ನುತ್ತೇವೆ. ಹೊತ್ತು ಮುಳುಗಿದ ಮೇಲೆ ಪಡುವಣದಲ್ಲಿ ಸ್ವಲ್ಪ ಹೊತ್ತು ಕಂಡು ಅದೂ ಇಳಿದುಹೋಗುತ್ತದೆ. ಅದಕ್ಕೆ ಕೈಮುಗಿದು, ಕಣ್ಣು ಮುಚ್ಚಿ, ಆಮೇಲೆ ಮೊದಲು ಯಾರ ಮುಖಕ್ಕೆ ಕಣ್ಣು ಬಿಡುತ್ತೀರೋ ಆ ತಿಂಗಳೆಲ್ಲ ಆ ಮುಖದ ಫಲ. ನಾನು ಚಿಕ್ಕವಳಿದ್ದಾಗ ಪಾಲಕೋಡ್ ಹತ್ತಿರದ ನಮ್ಮೂರಿನಲ್ಲಿ ಅಪ್ಪ ಕಣ್ಣು ಮುಚ್ಚಿಕೊಂಡೇ ಅಂಗಳದಿಂದ ಕೂಗುತ್ತಿದ್ದ. "ಎಲ್ಲವ್ಳೆ ನನ್ ಮಗ್ಳು? ಬಾಮ್ಮಿ ಬೇಗ, ಕಣ್ ನೋಯ್ತೈತೆ!" ನಾನು ಓಡಿಹೋಗಿ ಹಲ್ಲು ಬಿಟ್ಟುಕೊಂಡು ನಿಲ್ಲುತ್ತಿದ್ದೆ.

ಮದುವೆಯಾದ ಮೇಲೆ ನನಗೆ ಮುಖ ತೋರಿಸುವ ಕೆಲಸ ಗಂಡನದಾಯಿತು. ಧರ್ಮಪುರಿಯಲ್ಲಿ ಇಬ್ಬರಿಗೂ ಆಫೀಸು, ಬಾಡಿಗೆ ಮನೆ, ಮೇಲೆ ತಾರಸಿ. ಅವರಿಗೆ ಇದರಲ್ಲಿ ಎಳ್ಳಷ್ಟೂ ನಂಬಿಕೆಯಿರಲಿಲ್ಲ. ಆದರೂ ಟೀ ಲೋಟ ಹಿಡಿದು ಮೆಟ್ಟಿಲು ಹತ್ತುತ್ತಿದ್ದರು. "ಬಂದೆ ಇರು. ಈ ತಿಂಗ್ಳೂ ನನ್ ಮೂತೀನೇ ಗತಿ ನಿಂಗೆ."

ಅವರು ತೀರಿಕೊಂಡು ಮೂರು ವರ್ಷವಾಯಿತು. ಅದಾದ ಮೇಲಿನ ಮೊದಲ ಪಿರೆಗೆ ಕಾಲುಗಳು ತಾವಾಗಿಯೇ ತಾರಸಿ ಹತ್ತಿದವು. ಚಂದ್ರನ ಪಕ್ಕದಲ್ಲೇ ಬೆಳ್ಳಿಚುಕ್ಕಿ ಉರಿಯುತ್ತಿತ್ತು, ಈಗಷ್ಟೇ ಹುಣಸೆಹಣ್ಣು ಹಾಕಿ ತಿಕ್ಕಿದ ಹಾಗೆ. ಕೈಮುಗಿದು ಕಣ್ಣು ಮುಚ್ಚಿದೆ. ಮುಚ್ಚಿದ ಮೇಲೆ ಗಾಬರಿಯಾಯಿತು, ಇನ್ನು ಬಿಡುವುದು ಯಾರ ಮುಖಕ್ಕೆ? ಹಿಂದೆ ಮನೆಯ ಓನರಮ್ಮ ಹೊಸ ಸೊಸೆಯೊಂದಿಗೆ ನಿಂತಿದ್ದರು. ನಾನು ಅತ್ತ ತಿರುಗುವುದಕ್ಕೂ ಅವರು ಸೊಸೆಯ ಭುಜ ಹಿಡಿದು ಗೋಡೆಯ ಕಡೆ ತಿರುಗಿಸುವುದಕ್ಕೂ ಸರಿಹೋಯಿತು. "ತಪ್ಪಾ ನೆನಚ್ಚುಕ್ಕಾದೀಂಗಮ್ಮಾ" ಅಂದರು ತಮಿಳಿನಲ್ಲಿ. ತಪ್ಪು ತಿಳಿಯಬೇಡಿ ಅಂತೆ! ತಪ್ಪು ತಿಳಿಯದೆ ಇನ್ನೇನು ತಿಳಿಯಲಿ? ನನ್ನದು ವಿಧವೆಯ ಮುಖ ಎಂಬುದು ಆ ಸಂಜೆಯವರೆಗೆ ನನಗೆ ಹೊಳೆದೇ ಇರಲಿಲ್ಲ.

ಆಮೇಲೆ ಪಿರೆಯ ದಿನ ಬೇಕೆಂದೇ ಆಫೀಸಿನಲ್ಲಿ ಕೂತು ತಡಮಾಡತೊಡಗಿದೆ. ಒಮ್ಮೆ ಬಸ್ ಸ್ಟ್ಯಾಂಡಿನಲ್ಲಿ, ಸೇಲಂ ಬಸ್ಸಿನ ನೆತ್ತಿಯ ಮೇಲೆ ಅದು ಕಂಡೇಬಿಟ್ಟಿತು. ಮರುಗಳಿಗೆ ಕಣ್ಣು ಹೋಗಿ ಬಿದ್ದದ್ದು ಗೋಡೆಯ ಪೋಸ್ಟರಿನಲ್ಲಿ ಹಲ್ಲು ಕಿರಿಯುತ್ತಿದ್ದ ಯಾವನೋ ಎಲೆಕ್ಷನ್ನಿಗೆ ನಿಂತವನ ಮುಖಕ್ಕೆ. ಒಬ್ಬಳೇ ನಕ್ಕೆ. ಮನೆಗೆ ಹೋಗಿ ಹೇಳಿ ನಗೋಣವೆಂದರೆ ಮನೆಯಲ್ಲಿ ಯಾರೂ ಇರಲಿಲ್ಲ, ಅದಕ್ಕೆ ಅತ್ತುಬಿಟ್ಟೆ.

ಈ ವರ್ಷ ಬೇಸಿಗೆಯಲ್ಲಿ ಊರಿಗೆ, ಅಣ್ಣನ ಮನೆಗೆ ಹೋಗಿದ್ದೆ. ಅವ್ವ ಇರುವುದೂ ಅಲ್ಲೇ. ಅಣ್ಣನ ಸೊಸೆಗೆ ಏಳು ತಿಂಗಳು. ಟೊಮೆಟೊ ಕ್ರೇಟುಗಳು ಮಾರ್ಕೆಟ್ಟಿಗೆ ಹೊರಟ ಮೇಲೆ ಎಲ್ಲರೂ ಪಿರೆ ನೋಡಲು ಅಂಗಳಕ್ಕೆ ಬಂದರು. ಇಲ್ಲಿ ನನ್ನವರಿದ್ದಾರೆ, ಯಾರದಾದರೂ ಒಂದು ಮುಖ ಸಿಕ್ಕೀತು ಎಂದು ನಾನೂ ನಿಂತೆ. ಅಷ್ಟರಲ್ಲಿ ಅವ್ವ ನನ್ನ ಮಣಿಕಟ್ಟು ಹಿಡಿದು ಎಳೆದಳು.

"ಒಸಿ ಇತ್ತಗ್ ಬಾಮ್ಮಿ."

ಏನೋ ಗುಟ್ಟು ಹೇಳುತ್ತಾಳೆ ಎಂದುಕೊಂಡು ಕೊಟ್ಟಿಗೆಯ ಹಿಂದಕ್ಕೆ ಹೋದೆ.

"ಇಲ್ಲೇ ನಿಂತ್ಕ. ಅವ್ಳು ಬಸ್ರಿ. ತಿರುಗ್ದೇಟ್ಗೆ ನಿನ್ ಮೊಕ ಕಂಡ್ಬುಟ್ಟಾತು."

ಮೈಯೆಲ್ಲ ಉರಿದುಹೋಯಿತು. "ನೀನೂನಾ ಅವ್ವಾ? ನೀನೇ ಎತ್ತ ಮಗ್ಳಲ್ವಾ ನಾನು?"

"ಕೂಗ್ಬ್ಯಾಡ. ನಾನೂ ಇಲ್ಲೇ ತಾನೇ ನಿಂತಿರಾದು? ನಿಮ್ಮಪ್ಪ ಓದಾಗಿಂದ್ಲೂ ಇಲ್ಲೇಯ."

ಅಪ್ಪ ಹೋಗಿ ಹದಿನೆಂಟು ವರ್ಷ. ಅಷ್ಟು ವರ್ಷಗಳಲ್ಲಿ ಆ ಅಂಗಳದಲ್ಲಿ ಗಂಡನ ಜತೆ ನಾನು ಎಷ್ಟು ಪಿರೆ ನೋಡಿದ್ದೆನೋ! ಅವರ ಮುಖಕ್ಕೆ ಕಣ್ಣು ಬಿಟ್ಟು, ನಕ್ಕು, ಊಟಕ್ಕೆ ಒಳಗೆ ಹೋಗುತ್ತಿದ್ದೆ. ಅವ್ವ ಎಲ್ಲಿ ಎಂದು ಒಂದು ದಿನವೂ ಕೇಳಲಿಲ್ಲ. ಹಾಲು ಕರೆಯುತ್ತಿರಬೇಕು ಎಂದುಕೊಂಡಿದ್ದೆ.

"ಇಷ್ಟ್ ವರ್ಸ ನೀನು ಯಾರ್ ಮೊಕ ನೋಡ್ತಿದ್ದೆ?"

ಅವಳು ಕೊಟ್ಟಿಗೆಯೊಳಗೆ ಮೆಲುಕು ಹಾಕುತ್ತಿದ್ದ ಹಸುವಿನ ಕಡೆ ಗದ್ದ ಎತ್ತಿ ತೋರಿಸಿದಳು. "ಅದೇನ್ ಬ್ಯಾಡ ಅಂತದಾ?"

ಅಲ್ಲಿಂದಲೂ ಪಿರೆ ಕಾಣುತ್ತಿತ್ತು. ಕೈಮುಗಿದೆ, ಕಣ್ಣು ಮುಚ್ಚಿದೆ, ಅವ್ವನ ಕಡೆ ತಿರುಗಿದೆ. ಅವಳಿಗೆ ಗೊತ್ತಾಗಿಹೋಯಿತು. ಸರಕ್ಕನೆ ಸೆರಗು ಮುಖಕ್ಕೆ ಎಳೆದುಕೊಂಡಳು.

"ಥೂ, ಬುದ್ದಿ ಐತಾ ನಿಂಗೆ? ನನ್ ಮೊಕ ನೋಡ್ಬಾರ್ದು ಕನಮ್ಮಿ. ಇರಾದೂ ಓಯ್ತದೆ."

"ಇನ್ನೇನೈತೆ ಓಗಕ್ಕೆ?" ಎಂದು ಸೆರಗು ಹಿಡಿದು ಕೆಳಗೆಳೆದೆ.

ಸ್ವಲ್ಪ ಕೊಸರಾಡಿದಳು, ಆಮೇಲೆ ಬಿಟ್ಟುಕೊಟ್ಟಳು. ನಾನು ನೋಡಿದೆ. ನೋಡುತ್ತಲೇ ಇದ್ದೆ. ಅಷ್ಟು ಹೊತ್ತು ಅವಳ ಮುಖ ನೋಡಿ ಎಷ್ಟು ಕಾಲವಾಗಿತ್ತೋ, ನನಗೆ ನೆನಪಿಲ್ಲ. ಅಂಗಳದಲ್ಲಿ ಯಾರೋ ಏನೋ ಹೇಳಿ ಎಲ್ಲರೂ ನಕ್ಕರು.

"ಆಯ್ತಾ?" ಅಂದಳು ಅವ್ವ ಮೆಲ್ಲಗೆ. "ಇರು, ಅವ್ರೆಲ್ಲಾ ಒಳೀಕ್ ಓಗ್ಲಿ. ಆಮ್ಯಾಕ್ ನಾವ್ ಓಗಾನ."