ಆ ಬೆಳಿಗ್ಗೆ ನಿನ್ನ ಅಪ್ಪ ಕುಡಿದಿರಲಿಲ್ಲ

ಸವಿತಾ, ಕಟ್ಟಡದ ಸಾರವೆಯಿಂದ ಬಿದ್ದ ದಿನ ನಿನ್ನ ಅಪ್ಪ ಕುಡಿದಿರಲಿಲ್ಲ. ಕುಡಿದಿದ್ದರು ಎಂದು ಹೇಳಿದವನು ನಾನು — ನಿನ್ನ ಸೋದರಮಾವ. ಹೇಳುವಾಗಲೇ ಅದು ಸುಳ್ಳೆಂದು ನನಗೆ ಗೊತ್ತಿತ್ತು. ಗೊತ್ತಿದ್ದೂ ಎಂಟು ವರ್ಷ ಬಾಯಿ ಬಿಡಲಿಲ್ಲ.

ಮುಂದಿನದನ್ನು ಓದದೆ ನೀನು ಈ ಕಾಗದವನ್ನು ಹರಿದು ಒಲೆಗೆ ಹಾಕಿದರೂ ಇಷ್ಟಾದರೂ ನಿನಗೆ ತಲುಪಿರಲಿ ಎಂದು ಮೊದಲೇ ಬರೆದಿದ್ದೇನೆ.

ಭಾವ ನನಗೆ ಏನಾಗಿದ್ದರು ಎಂಬುದನ್ನು ಹೇಳದೆ ನಾನು ಮಾಡಿದ್ದು ಏನೆಂದು ನಿನಗೆ ತಿಳಿಯುವುದಿಲ್ಲ. ಎಸ್ಸೆಸ್ಸೆಲ್ಸಿ ಫೇಲಾಗಿ ಶಿಕಾರಿಪುರದ ಬಸ್ ನಿಲ್ದಾಣದಲ್ಲಿ ದಿನವಿಡೀ ಕೂರುತ್ತಿದ್ದ ನನ್ನನ್ನು ಆನವಟ್ಟಿಗೆ ಕರೆದುಕೊಂಡು ಹೋಗಿ, ಕೈಗೆ ಕರಣೆ ಕೊಟ್ಟು ಗಾರೆ ಕೆಲಸ ಕಲಿಸಿದವರು ಅವರು. ಬೈದು ಕಲಿಸಲಿಲ್ಲ. ನಾನು ಬಳಿದ ಗೋಡೆಯ ಮೇಲೆ ಕಣ್ಣು ಮುಚ್ಚಿ ಅಂಗೈ ಆಡಿಸುತ್ತಿದ್ದರು. ಉಬ್ಬು ಸಿಕ್ಕಿದ ಕಡೆ ಕೈ ನಿಲ್ಲಿಸಿ ನನ್ನ ಮುಖ ನೋಡುತ್ತಿದ್ದರು. ಅಷ್ಟೇ.

ಮೊದಲು ಕುಡಿಯುತ್ತಿದ್ದರು, ಅದು ನಿಜ. ನಿನಗೆ ನಾಲ್ಕು ವರ್ಷ ಇದ್ದಾಗ, ಕುಡಿದ ಮತ್ತಿನಲ್ಲಿ ನಿನ್ನನ್ನು ಆನವಟ್ಟಿ ಸಂತೆಯಲ್ಲೇ ಬಿಟ್ಟು ಮನೆಗೆ ಬಂದಿದ್ದರು. ನಾವೆಲ್ಲ ಓಡಿ ಹೋಗಿ ಹುಡುಕಿದರೆ ನೀನು ಬಳೆ ಮಾರುವವಳ ತೊಡೆಯ ಮೇಲೆ ನಿದ್ದೆ ಮಾಡುತ್ತಿದ್ದೆ. ನಿನಗೆ ನೆನಪಿರಲಾರದು. ಮಾರನೆಯ ದಿನ ಭಾವ ಒಬ್ಬರೇ ಚಂದ್ರಗುತ್ತಿಯ ಬೆಟ್ಟ ಹತ್ತಿ, ಇನ್ನು ಮುಟ್ಟುವುದಿಲ್ಲ ಎಂದು ದೇವಿಗೆ ಮಾತು ಕೊಟ್ಟು ಬಂದರು. ಹನ್ನೊಂದು ವರ್ಷ ಮುಟ್ಟಲಿಲ್ಲ. ಮುಂದೆಯೂ ಮುಟ್ಟಲಿಲ್ಲ — ಆದರೆ ಅದು ಅವರಿಗೇ ಗೊತ್ತಿಲ್ಲದ ಹಾಗೆ ಮಾಡಿದೆ ನಾನು.

ಶಿಕಾರಿಪುರದಲ್ಲಿ ಒಂದು ಕಲ್ಯಾಣ ಮಂಟಪದ ಕೆಲಸ ನಡೆಯುತ್ತಿತ್ತು. ನಾನು ಮೊದಲ ಸಲ ಮೇಸ್ತ್ರಿಯಾಗಿದ್ದೆ. ಐವತ್ತು ದಾಟಿದ ಭಾವ, ನನಗೆ ಕೆಲಸ ಕಲಿಸಿದವರು, ನನ್ನ ಕೈಕೆಳಗೆ ದುಡಿಯಲು ಬಂದರು. ಬೇಸರ ಪಟ್ಟುಕೊಳ್ಳಲಿಲ್ಲ. ‘ನಮ್ ಹುಡ್ಗ ಮೇಸ್ತ್ರಿ ಆಗಿದಾನೆ’ ಎಂದು ಕಂಡಕಂಡವರಿಗೆಲ್ಲ ಹೇಳುತ್ತಿದ್ದರು.

ಆವತ್ತು ಹಿಂಭಾಗದ ಗೋಡೆಗೆ ಪ್ಲಾಸ್ಟರಿಂಗ್ ಆಗಬೇಕಿತ್ತು. ಬಿದಿರಿನ ಗಳ ಕಟ್ಟಿ, ಅದರ ಮೇಲೆ ಹಲಗೆ ಹಾಸಿ ಸಾರವೆ ನಿಲ್ಲಿಸಿದ್ದೆವು. ಗಟ್ಟಿ ಹಲಗೆಗಳನ್ನೆಲ್ಲ ಮುಂಭಾಗಕ್ಕೆ ಹಾಕಿಸಿದ್ದೆ. ಮಾಲೀಕರು ಬಂದು ನಿಂತು ನೋಡುವುದು ಅಲ್ಲೇ ಅಲ್ಲವೇ. ಹಿಂದೆ ಉಳಿದದ್ದು ಹಳೆಯವು. ಭಾವ ಒಂದು ಹಲಗೆಯನ್ನು ಕಾಲಿನಲ್ಲಿ ಒತ್ತಿ ನೋಡಿ ಕೆಳಗಿಳಿದು ನನ್ನ ಹತ್ತಿರ ಬಂದರು.

‘ನಾಗು, ಆ ಹಲಗೆ ಬ್ಯಾಡ ಮಾರಾಯ. ತುದಿ ಸೀಳಿದೆ. ಬದ್ಲಾಯ್ಸು.’

ನಾನು ಫೋನಿನಲ್ಲಿದ್ದೆ. ಸಿಮೆಂಟ್ ಲಾರಿ ಬಂದಿರಲಿಲ್ಲ, ಕಂಟ್ರಾಕ್ಟರ್ ಕೂಗಾಡುತ್ತಿದ್ದ — ಇಲ್ಲ, ಇದನ್ನೆಲ್ಲ ಯಾಕೆ ಬರೆಯುತ್ತಿದ್ದೇನೆ? ನಾನು ಹೇಳಿದ್ದು ಇಷ್ಟು: ‘ಇವತ್ತೊಂದಿನ ಸುಧಾರಿಸ್ಕಳ್ರಿ ಭಾವ. ನಾಳೆ ಬ್ಯಾರೆ ತರಿಸ್ತೀನಿ.’

ಅವರು ಒಂದು ಗಳಿಗೆ ನಿಂತರು. ಆಮೇಲೆ ಹತ್ತಿದರು. ಬೇರೆ ಮೇಸ್ತ್ರಿ ಹೇಳಿದ್ದರೆ ಹತ್ತುತ್ತಿರಲಿಲ್ಲ. ನಾನು ಹೇಳಿದ್ದಕ್ಕೆ ಹತ್ತಿದರು.

ಅರ್ಧ ಗಂಟೆ ಆಗಿರಬಹುದು. ಹಲಗೆ ಮುರಿದ ಸದ್ದು ಕೇಳಿಸಿತು, ಕೂಗು ಕೇಳಿಸಲಿಲ್ಲ. ಓಡಿ ಹೋದಾಗ ಭಾವ ಜಲ್ಲಿ ರಾಶಿಯ ಪಕ್ಕ ಮಗುಚಿ ಬಿದ್ದಿದ್ದರು. ಕಿವಿಯಿಂದ ರಕ್ತ. ಬಲಗಾಲು ಇರಬೇಕಾದ ಹಾಗೆ ಇರಲಿಲ್ಲ.

ಆಸ್ಪತ್ರೆಯ ಅಂಗಳದಲ್ಲಿ ಕಂಟ್ರಾಕ್ಟರ್ ನನ್ನ ಭುಜ ಹಿಡಿದು ಪಕ್ಕಕ್ಕೆ ಕರೆದ. ‘ಕುಡ್ದಿದ್ನೇನೋ?’ ಎಂದ. ಕೇಳಿದ ರೀತಿಯಲ್ಲೇ ಉತ್ತರವೂ ಇತ್ತು. ನಾನು ಇಲ್ಲ ಎನ್ನಲಿಲ್ಲ. ಹೌದೆಂದು ತಲೆ ಅಲ್ಲಾಡಿಸಿದೆ. ಹಾಗೆ ಅಲ್ಲಾಡಿಸಿದ್ದು ಯಾಕೆಂದರೆ, ಹಲಗೆಯ ವಿಷಯ ಇನ್ನು ಯಾರೂ ಕೇಳುವುದಿಲ್ಲ ಎಂದು ಆ ಕ್ಷಣದಲ್ಲೇ ನನಗೆ ಹೊಳೆದಿತ್ತು. ಹೆದರಿದ್ದೆ, ನಿಜ. ಆದರೆ ಅಷ್ಟು ಹೆದರಿಕೆಯಲ್ಲೂ ಲೆಕ್ಕಾಚಾರ ಸರಿಯಾಗಿಯೇ ನಡೆಯುತ್ತಿತ್ತು.

ಒಳಗೆ ಡಾಕ್ಟರು ಕೇಳಿದರು. ‘ಇವರು ಕುಡಿದಿದ್ರೇನ್ರೀ? ಸರಿಯಾಗಿ ಹೇಳಿ, ಔಷಧ ಕೊಡೋಕೆ ಗೊತ್ತಾಗ್ಬೇಕು.’

ಅಷ್ಟರಲ್ಲಿ ನಿನ್ನ ಅಮ್ಮ ಬಂದು ಬಾಗಿಲಲ್ಲಿ ನಿಂತಿದ್ದಳು. ಅವಳು ನಿಂತಿದ್ದು ನನಗೆ ಕಂಡಿತ್ತು, ಸವಿತಾ. ಕಂಡೂ ಹೇಳಿದೆ.

‘ಬೆಳಿಗ್ಗೆ ಸ್ವಲ್ಪ ಹಾಕ್ಕಂಡಿದ್ರು ಸಾರ್.’

ಅಕ್ಕ ಅಳುತ್ತಾ ಬಂದಿದ್ದವಳು ಅಳು ನಿಲ್ಲಿಸಿದಳು. ಗಂಡ ಉಳಿಯುತ್ತಾನೋ ಇಲ್ಲವೋ ಎಂದು ಓಡಿ ಬಂದ ಮುಖ ನೋಡನೋಡುತ್ತಿದ್ದ ಹಾಗೆ ಗಟ್ಟಿಯಾಯಿತು. ಆ ಮುಖವನ್ನು ಮದುವೆಯಾಗಿ ಹೋಗುವವರೆಗೂ ನೀನು ದಿನವೂ ನೋಡಿದ್ದೀಯ.

ಮಾರನೆಯ ದಿನ ಮುರಿದ ಹಲಗೆಯನ್ನು ನಾನೇ ಕೊಡಲಿಯಿಂದ ಸೀಳಿ, ಕೆಲಸದವರ ಚಹಾದ ಒಲೆಗೆ ಹಾಕಿದೆ. ನೋಡಿದವರು ಯಾರೂ ಮಾತಾಡಲಿಲ್ಲ. ಅವರಿಗೂ ಕೆಲಸ ಬೇಕಿತ್ತು.

ಶಿವಮೊಗ್ಗದ ಆಸ್ಪತ್ರೆಯಲ್ಲಿ ಭಾವನಿಗೆ ಪೂರ್ತಿ ಎಚ್ಚರ ಬಂದಾಗ ಒಂಬತ್ತು ದಿನ ಕಳೆದಿತ್ತು. ತಲೆಗೆ ಬಿದ್ದ ಪೆಟ್ಟಿನಿಂದ ಆ ಬೆಳಿಗ್ಗೆಯೇ ಅವರ ನೆನಪಿನಿಂದ ಹೋಗಿಬಿಟ್ಟಿತ್ತು. ಹಿಂದಿನ ದಿನ ನಿನಗೆ ಜಾಮಿಟ್ರಿ ಬಾಕ್ಸ್ ತಂದದ್ದು ನೆನಪಿತ್ತು, ಮುಂದಿನದೆಲ್ಲ ಖಾಲಿ. ಅಕ್ಕ ಊಟ ತರಲು ಹೊರಗೆ ಹೋದಾಗ ನನ್ನ ಕೈ ಹಿಡಿದುಕೊಂಡರು.

‘ನಾಗು, ನಿಮ್ಮಕ್ಕ ಮಾತಾಡ್ತಿಲ್ಲ. ಕುಡ್ದು ಬಿದ್ದೆ ಅಂತಾಳೆ. ನಂಗೆ ಏನೂ ನೆನಪಾಗ್ತಿಲ್ಲ ಮಾರಾಯ. ನೀನು ಅಲ್ಲೇ ಇದ್ದೆಯಲ್ಲ — ನಾನು ಕುಡ್ದಿದ್ನಾ?’

ದೇವರು ಮನುಷ್ಯನಿಗೆ ಇನ್ನೊಂದು ಅವಕಾಶ ಕೊಡುತ್ತಾನೆ ಎನ್ನುತ್ತಾರಲ್ಲ, ನನಗೆ ಅದು ಸಿಕ್ಕಿತ್ತು. ವಾರ್ಡಿನಲ್ಲಿ ಬೇರೆ ಯಾರೂ ನಮ್ಮ ಕಡೆ ನೋಡುತ್ತಿರಲಿಲ್ಲ. ‘ಇಲ್ಲ ಭಾವ’ ಎಂಬ ಎರಡು ಮಾತು...

‘ಹೂಂ ಭಾವ,’ ಎಂದೆ. ‘ಸ್ವಲ್ಪ.’

ಅವರು ನನ್ನ ಕೈ ಬಿಟ್ಟು ಗೋಡೆಯ ಕಡೆ ಮುಖ ತಿರುಗಿಸಿಕೊಂಡರು. ಅಕ್ಕನ ಎದುರು ಹೇಳಿದ ಸುಳ್ಳನ್ನು ಹೆದರಿಕೆಯ ಮೇಲೆ ಹಾಕಬಹುದು. ಇದನ್ನು ಯಾವುದರ ಮೇಲೆ ಹಾಕಲಿ? ಕಾಲು ಊನವಾದ ಮನುಷ್ಯನಿಗೆ ಉಳಿದಿದ್ದದ್ದು ತನ್ನ ಮೇಲೆ ತನಗಿದ್ದ ನಂಬಿಕೆ ಒಂದೇ. ಅದನ್ನೂ ತೆಗೆದುಕೊಂಡೆ.

ವರ್ಷ ಕಳೆದ ಮೇಲೆ, ಕೋಲು ಹಿಡಿದು ನಡೆಯುವ ಹಾಗಾದಾಗ, ಚಂದ್ರಗುತ್ತಿಗೆ ಕರೆದುಕೊಂಡು ಹೋಗು ಎಂದು ನನ್ನನ್ನೇ ಕೇಳಿದರು. ಒಂದೊಂದು ಮೆಟ್ಟಿಲಿಗೂ ನಿಂತು ಉಸಿರು ತೆಗೆದುಕೊಳ್ಳುತ್ತಿದ್ದರು. ನಾನು ತೋಳು ಕೊಟ್ಟಿದ್ದೆ. ಮೇಲೆ ಹೋಗಿ ಕಂಬಕ್ಕೆ ಒರಗಿ ಕೈ ಮುಗಿದು, ‘ತಾಯಿ, ಕೊಟ್ಟ ಮಾತು ತಪ್ಪಿದೆ, ತಪ್ಪಾಯ್ತು’ ಎಂದು ಚಿಕ್ಕ ಮಕ್ಕಳ ಹಾಗೆ ಅತ್ತರು. ಮಾಡದ ತಪ್ಪಿಗೆ. ಮಾಡಿದವನು ಪಕ್ಕದಲ್ಲೇ ಅವರ ಕೋಲು ಹಿಡಿದು ನಿಂತಿದ್ದ. ಇಳಿಯುವಾಗ ಅವರು ನನಗೆ ಹೇಳಿದ್ದು — ‘ಎಲ್ರೂ ಕೈ ಬಿಟ್ರು. ನೀನೊಬ್ಬ ಬಿಡ್ಲಿಲ್ಲ ಕಣೋ.’

ಆಮೇಲಿನದನ್ನು ನೀನು ಬಲ್ಲೆ. ಒಮ್ಮೆ ಬಿದ್ದ ದೇಹ ಮತ್ತೆ ಮತ್ತೆ ಬೀಳುತ್ತದೆ. ಹೊಸ್ತಿಲಿಗೆ ಕಾಲು ತಾಗಿ, ಅಂಗಳದ ಪಾಚಿಗೆ ಜಾರಿ. ನಿನಗೆ ಹದಿನೇಳು ಇರಬೇಕು. ನಾನು ಜಗಲಿಯಲ್ಲಿ ಕೂತಿದ್ದಾಗ ಒಳಗೆ ದೊಪ್ಪೆಂದು ಸದ್ದಾಯಿತು. ನೀನು ಓಡಿ ಹೋದೆ. ಎತ್ತುವ ಮೊದಲು ಬಗ್ಗಿ ಅವರ ಬಾಯಿ ಮೂಸಿ ನೋಡಿದೆ. ಅವರು ಕಣ್ಣು ಮುಚ್ಚಿಕೊಂಡು, ನೀನು ಮೂಸಿ ಮುಗಿಸುವವರೆಗೂ ಅಲ್ಲಾಡದೆ ಇದ್ದರು. ನಿನ್ನನ್ನು ದೂರಲು ಇದನ್ನು ಬರೆಯುತ್ತಿಲ್ಲ, ಮಗಳೇ. ಅದನ್ನು ನಿನಗೆ ಕಲಿಸಿದವನು ನಾನು. ಅದನ್ನು ನೋಡಿದ ಮೇಲೂ ಚಹಾ ಕುಡಿದು ಮನೆಗೆ ಹೋದವನೂ ನಾನೇ.

ನಿನ್ನ ಮದುವೆಯಲ್ಲಿ ಧಾರೆ ಎರೆದದ್ದು ನಾನು ಮತ್ತು ನನ್ನ ಹೆಂಡತಿ. ಅಪ್ಪನಿಗೆ ನಿಲ್ಲಲು ಆಗುವುದಿಲ್ಲ ಎಂದು ಎಲ್ಲರಿಗೂ ಹೇಳಿದೆವು. ಆಗುತ್ತಿತ್ತು. ಆದರೆ ಕುಡಿದು ಬಿದ್ದವರು ಎಂಬ ಮಾತು ಬಳ್ಳಿಗಾವಿಯ ನಿನ್ನ ಗಂಡನ ಮನೆಯವರ ಕಿವಿಗೂ ಬಿದ್ದಿತ್ತು. ಮಂಟಪದ ಮೇಲೆ ಬೇಡ ಎಂದರು. ಭಾವ ನನ್ನನ್ನು ಕರೆದು ‘ನನ್ ಬದ್ಲು ನೀನು ನಿಂತ್ಕ’ ಎಂದರು. ನಾನು ನಿಂತೆ. ನಿನ್ನ ಕೈ ಮೇಲೆ ನೀರು ಬಿಡುವಾಗಲೂ ನಾಲಿಗೆ ಏಳಲಿಲ್ಲ.

ಹೋದ ತಿಂಗಳು ಅವರು ಬಚ್ಚಲಿನಲ್ಲಿ ಬಿದ್ದು ಸೊಂಟ ಮುರಿದುಕೊಂಡದ್ದು ನಿನಗೆ ಗೊತ್ತು. ಗೊತ್ತಿಲ್ಲದ್ದು ಒಂದಿದೆ. ಅಕ್ಕ ಬೆಳಿಗ್ಗೆ ಎಂಟಕ್ಕೆ ಶುಂಠಿ ಹೊಲಕ್ಕೆ ಕಳೆ ತೆಗೆಯಲು ಹೋದ ಕೂಡಲೇ ಬಿದ್ದದ್ದು. ಅವಳು ತಿರುಗಿ ಬಂದದ್ದು ಮಧ್ಯಾಹ್ನ ಎರಡಕ್ಕೆ. ಅಷ್ಟು ಹೊತ್ತೂ ಒದ್ದೆ ಕಲ್ಲಿನ ಮೇಲೆ ಬಿದ್ದುಕೊಂಡಿದ್ದರು. ಗೋಡೆಯ ಆಚೆ ಪಕ್ಕದ ಮನೆಯವರು ಮಾತಾಡುವುದು, ಪಾತ್ರೆ ತೊಳೆಯುವುದು ಎಲ್ಲ ಕೇಳಿಸುತ್ತಿತ್ತಂತೆ. ಒಂದು ಕೂಗು ಹಾಕಿದ್ದರೆ ಸಾಕಿತ್ತು.

‘ಯಾಕೆ ಕೂಗಲಿಲ್ಲ ಭಾವ?’ ಎಂದು ಆಸ್ಪತ್ರೆಯಲ್ಲಿ ಕೇಳಿದೆ.

‘ಜನ ಬರ್ತಿದ್ರು,’ ಎಂದರು. ‘ಬಂದು, ಮತ್ತೆ ಹಾಕಿದಾನೆ ಅಂತಿದ್ರು. ನಿಮ್ಮಕ್ಕಂಗೆ ಮರ್ಯಾದೆ ಹೋಗ್ತಿತ್ತು.’

ಅಲ್ಲಿ ನನ್ನಿಂದ ಆಗಲಿಲ್ಲ. ಒಳ್ಳೆಯವನಾದೆ ಎಂದಲ್ಲ. ಇನ್ನೂ ಒಂದು ದಿನ ಅದನ್ನು ಹೊಟ್ಟೆಯಲ್ಲಿ ಇಟ್ಟುಕೊಳ್ಳುವ ಶಕ್ತಿ ಉಳಿದಿರಲಿಲ್ಲ, ಅಷ್ಟೇ. ಅಕ್ಕ ಮಂಚದ ಪಕ್ಕ ಕೂತು ಗಂಜಿ ಕುಡಿಸುತ್ತಿದ್ದಳು. ಅವಳ ಎದುರಿಗೇ ಹೇಳಿದೆ — ಹಲಗೆ, ಫೋನು, ಕಂಟ್ರಾಕ್ಟರು, ಡಾಕ್ಟರು, ಒಲೆ, ಎಲ್ಲ.

ಅಕ್ಕ ಬಟ್ಟಲನ್ನು ನೆಲದ ಮೇಲಿಟ್ಟಳು. ‘ಏನಂದಿ? ಮತ್ತೊಮ್ಮೆ ಹೇಳು.’

ಮತ್ತೊಮ್ಮೆ ಹೇಳಿದೆ.

‘ಹಂಗಾರ ಆವತ್ತು ಇವರು ಬೆಳಿಗ್ಗೆ ಏನು ಕುಡಿದಿದ್ರು?’

‘ಚಹಾ ಅಕ್ಕ. ಮನ್ಯಾಗ ನೀನೇ ಕೊಟ್ಟಿದ್ದು.’

ಅವಳು ನನ್ನನ್ನು ಬಯ್ಯಲಿಲ್ಲ. ‘ಎಂಟು ವರ್ಷ ಇವರ ಹತ್ರ ಸರಿಯಾಗಿ ಒಂದು ಮಾತಾಡ್ಲಿಲ್ಲ ನಾನು,’ ಎಂದಳು. ‘ಇವರು ದೇವಿಗೆ ಕೊಟ್ಟ ಮಾತು ಬಿಟ್ಟು ನಿನ್ನ ಮಾತು ನಂಬಿದೆ. ಒಡಹುಟ್ಟಿದವನು, ನನಗ್ಯಾಕೆ ಸುಳ್ಳು ಹೇಳ್ತಾನೆ ಅಂತ.’ ಆಮೇಲೆ ಎದ್ದು ವರಾಂಡಕ್ಕೆ ಹೋಗಿ ಕಿಟಕಿಯ ಸರಳು ಹಿಡಿದು ನಿಂತಳು.

ಭಾವ ಸೂರು ನೋಡುತ್ತಾ ಮಲಗಿದ್ದರು. ಕೇಳಿಸಿತೋ ಇಲ್ಲವೋ ಎಂದುಕೊಂಡೆ.

‘ಹಲಗೆ ಬ್ಯಾಡ ಅಂತ ನಾನು ಹೇಳಿದ್ನಾ?’

‘ಹೇಳಿದ್ರಿ ಭಾವ.’

‘ತುದಿ ಸೀಳಿದ್ದು ನಾನೇ ಕಂಡಿದ್ನಾ?’

‘ನೀವೇ ಕಂಡಿದ್ರಿ. ಕಾಲಲ್ಲಿ ಒತ್ತಿ ನೋಡಿದ್ರಿ.’

‘ಹಂಗಾದ್ರೆ ನನ್ ಬುದ್ಧಿ ನೆಟ್ಟಗಿತ್ತು,’ ಎಂದರು. ಕಣ್ಣಿನ ಕೊನೆಯಿಂದ ನೀರು ಇಳಿದು ದಿಂಬಿಗೆ ಹೋಗುತ್ತಿತ್ತು, ಆದರೆ ಮುಖದಲ್ಲಿ ಏನೋ — ಅದನ್ನು ನಗು ಎನ್ನಲು ನನಗೆ ಧೈರ್ಯವಿಲ್ಲ. ಆಮೇಲೆ ನನ್ನ ಕಡೆ ನೋಡದೆಯೇ ಹೇಳಿದರು. ‘ನೀನಿನ್ನು ನನ್ ಕಣ್ಣೆದ್ರು ಬರ್ಬ್ಯಾಡ. ಹೋಗಿ ನನ್ ಮಗಳಿಗೆ ಹೇಳು. ನಾನು ಹೇಳಿದ್ರೆ ಅವಳು ನಂಬಾದಿಲ್ಲ.’

ಆದ್ದರಿಂದ ಬರೆಯುತ್ತಿದ್ದೇನೆ. ಕ್ಷಮಿಸು ಎಂದು ಬರೆಯುತ್ತಿಲ್ಲ. ಆ ಮಾತನ್ನು ಕೇಳುವ ಹಕ್ಕು ನನಗಿಲ್ಲ, ಕೇಳಿದರೆ ಮತ್ತೆ ನಿನ್ನಿಂದ ಏನೋ ಕಿತ್ತುಕೊಂಡ ಹಾಗಾಗುತ್ತದೆ. ಮೇಸ್ತ್ರಿ ಕೆಲಸ ಬಿಟ್ಟಿದ್ದೇನೆ. ಆನವಟ್ಟಿಯಲ್ಲಿ ಗಾರೆಯವರು ಬೆಳಿಗ್ಗೆ ಕೂಲಿಗೆ ನಿಲ್ಲುವ ಕಡೆ ಹೋಗಿ, ಭಾವನ ಜೊತೆ ದುಡಿದವರ ಎದುರು ಹೇಳಿದೆ. ಒಬ್ಬರು ಉಗಿದರು. ಉಳಿದವರು ಚಹಾದ ಲೋಟ ಕೆಳಗಿಟ್ಟು ಎದ್ದು ಹೋದರು. ಅವರಲ್ಲಿ ಇಬ್ಬರು ನೆಟ್ಟಗೆ ಭಾವನನ್ನು ನೋಡಲು ಹೋದರಂತೆ. ಅಕ್ಕ ನನ್ನ ಫೋನು ಎತ್ತುವುದಿಲ್ಲ.

ಸೋಮವಾರ ಬೆಳಿಗ್ಗೆಯ ಬಸ್ಸಿಗೆ ನಿಮ್ಮೂರಿಗೆ ಬರುತ್ತೇನೆ. ನಿನ್ನ ಮಾವ, ಅತ್ತೆ, ಗಂಡ, ಕರೆಯುವುದಾದರೆ ಕೇರಿಯವರು — ಯಾರ ಎದುರಿಗೆ ಹೇಳು ಎನ್ನುತ್ತೀಯೋ ಅವರ ಎದುರಿಗೆ ಹೇಳುತ್ತೇನೆ. ಒಳಗೆ ಕರೆಯಬೇಡ, ನೀರು ಕೊಡಬೇಡ. ಅಂಗಳದಲ್ಲಿ ನಿಂತು ಹೇಳಿ ಹೋಗುತ್ತೇನೆ.

ಆದರೆ ಅಲ್ಲಿಯವರೆಗೆ ನೀನು ಕಾಯಬೇಕಾಗಿಲ್ಲ. ನಿನ್ನ ಅಪ್ಪನನ್ನು ನಿನ್ನೆ ಆಸ್ಪತ್ರೆಯಿಂದ ಮನೆಗೆ ಕರೆತಂದಿದ್ದಾರೆ. ಹೋಗು.